ಮೂರು ಮನೆಯವರೂ ಬಂದರು

ಜರ್ಮನಿಯ ಶ್ಪೈಯರ್ ಊರಿನ ಇತಿಹಾಸ ನನಗೆ ಬಾಯಿಪಾಠ. ಕೆಥೆಡ್ರಲ್‌ನ ನೆಲಮಾಳಿಗೆಯಲ್ಲಿ ಯಾವ ಚಕ್ರವರ್ತಿ ಯಾವ ಕಲ್ಲಿನಡಿ ಮಲಗಿದ್ದಾನೆ, ಯಾರ ಸೈನ್ಯ ಬಂದು ಊರಿಗೆ ಬೆಂಕಿ ಹಚ್ಚಿತು, ಮತ್ತೆ ಯಾರು ಕಟ್ಟಿಸಿದರು, ಎಲ್ಲವನ್ನೂ ಒಂದಿಡೀ ಚಳಿಗಾಲ ಒಗ್ಗರಣೆ ಹಾಕುತ್ತ, ಬಟ್ಟೆ ಮಡಚುತ್ತ ಗಟ್ಟಿ ಮಾಡಿದ್ದೆ. ಇಷ್ಟೆಲ್ಲ ಮಾಡಿಯೂ ನಾನು ಎಡವಿದ್ದು ಒಂದನೇ ಕ್ಲಾಸಿನ ಮಕ್ಕಳಿಗೂ ಬರುವ ವಿದ್ಯೆಯಲ್ಲಿ. ಇವತ್ತಿಗೂ ನೆನೆಸಿಕೊಂಡರೆ ಮೈ ಉರಿಯುತ್ತದೆ.

ನಮ್ಮೂರಿನಲ್ಲಿದ್ದಾಗ ನಾನು ಕಾಲೇಜಿನಲ್ಲಿ ಇತಿಹಾಸ ಪಾಠ ಮಾಡುತ್ತಿದ್ದವಳು. ಗಂಡನ ಕೆಲಸದ ಹಿಂದೆ ಮ್ಯಾನ್‌ಹೈಮ್‌ಗೆ ಬಂದು ಹನ್ನೆರಡು ವರ್ಷವಾಯಿತು. ಇಲ್ಲಿ ನನ್ನ ಡಿಗ್ರಿಯನ್ನು ಯಾರೂ ಕೇಳಲಿಲ್ಲ. ಕೇಳಿದವರು ಅದರ ಜರ್ಮನ್ ಅನುವಾದ ಕೇಳಿದರು, ಅನುವಾದ ಕೊಟ್ಟರೆ ಅದಕ್ಕೆ ಸೀಲು ಕೇಳಿದರು. ಅರ್ಜಿ ಹಾಕಿ ಹಾಕಿ ಸಾಕಾಗಿ ಕುಳಿತಿದ್ದಾಗ ಶ್ಪೈಯರ್‌ನ ಒಂದು ಸಣ್ಣ ಪ್ರವಾಸ ಕಚೇರಿಯವರು ಇಂಗ್ಲಿಷಿನಲ್ಲಿ ಊರು ತೋರಿಸುವ ಗೈಡ್ ಬೇಕು ಎಂದರು. ಚಳಿಗಾಲವಿಡೀ ತರಬೇತಿ, ಮೇ ತಿಂಗಳಲ್ಲಿ ಪ್ರೋಬೆಫ್ಯೂರುಂಗ್, ಅಂದರೆ ಪರೀಕ್ಷೆಯ ಟೂರ್. ಎಂಟು ಜನರ ಗುಂಪನ್ನು ನಾನೇ ಕರೆತಂದು ಬೆಳಿಗ್ಗೆ ಹತ್ತರಿಂದ ಸಂಜೆ ನಾಲ್ಕರವರೆಗೆ ಊರು ತೋರಿಸಬೇಕು. ನಮಗೆ ತರಬೇತಿ ಕೊಟ್ಟ ಹೆಂಗಸೇ ಹಿಂದೆ ಹಿಂದೆ ಬಂದು ಅಂಕ ಹಾಕುತ್ತಾಳೆ. ಪಾಸಾದರೆ ಬೇಸಿಗೆಯ ಶನಿವಾರಗಳೆಲ್ಲ ನನ್ನವು. ಹನ್ನೆರಡು ವರ್ಷದಲ್ಲಿ ಈ ದೇಶ ನನಗಾಗಿ ತೆರೆದ ಮೊದಲ ಬಾಗಿಲು ಅದು. ನನಗೆ ಅದು ಬೇಕೇ ಬೇಕಿತ್ತು.

ಎಂಟು ಜನ ಎಲ್ಲಿಂದ ತರುವುದು? ನೆರೆಮನೆಯ ಜರ್ಮನ್ನರನ್ನು ಕೇಳಿದರೆ ಅವರ ಡೈರಿ ಆಗಸ್ಟ್‌ವರೆಗೆ ಭರ್ತಿ. ಕೊನೆಗೆ ನಮ್ಮವರ ವಾಟ್ಸಾಪ್ ಗುಂಪಿನಲ್ಲಿ ಹಾಕಿದೆ. ಇಪ್ಪತ್ತು ಹೆಬ್ಬೆರಳು ಬಂದವು. ಮುಂದಿನ ವಾರ ಅದರಲ್ಲಿ ಅರ್ಧ ಉದುರಿ, ಹಿಂದಿನ ದಿನಕ್ಕೆ ಉಳಿದದ್ದು ಮೂರು ಮನೆಯವರು. ಸಿಂಡೆಲ್‌ಫಿಂಗೆನ್‌ನಿಂದ ಹುಬ್ಬಳ್ಳಿ ಕಡೆಯ ಗಂಡ ಹೆಂಡತಿ ಮತ್ತು ಅವರ ಮಗಳು. ಗಂಡ ಕಾರ್ ಕಂಪನಿಯಲ್ಲಿ ಎಂಜಿನಿಯರ್. ಮ್ಯಾನ್‌ಹೈಮ್‌ನಿಂದ ಮಂಗಳೂರಿನ ಕ್ರಿಶ್ಚಿಯನ್ ದಂಪತಿ. ಅಲ್ಲಿನದೇ ಯೂನಿವರ್ಸಿಟಿಯಲ್ಲಿ ಓದುತ್ತ ಒಂದೇ ಫ್ಲಾಟಿನಲ್ಲಿರುವ ಇಬ್ಬರು ಹುಡುಗರು. ಏಳಾಯಿತು. ಎಂಟನೆಯವರು ಸಿಗಲಿಲ್ಲ.

"ನಾನು ಬರುದಾ?" ಎಂದರು ಅತ್ತೆ.

ಅತ್ತೆ ಬ್ರಹ್ಮಾವರದಿಂದ ಮೂರು ತಿಂಗಳ ವೀಸಾದಲ್ಲಿ ಬಂದಿದ್ದರು. ಅವರು ಮನೆಯೊಳಗೆ ಇದ್ದದ್ದೂ ಗೊತ್ತಾಗುತ್ತಿರಲಿಲ್ಲ, ಇಲ್ಲದ್ದೂ ಗೊತ್ತಾಗುತ್ತಿರಲಿಲ್ಲ. ಅಡುಗೆಮನೆಯಲ್ಲಿ ನಾನು ತಿರುಗಿ ನೋಡಿದರೆ ಬೆನ್ನ ಹಿಂದೆಯೇ ನಿಂತಿರುತ್ತಿದ್ದರು. ಎಷ್ಟೋ ಸಲ ಬೆಚ್ಚಿಬಿದ್ದು ಬೈದಿದ್ದೇನೆ. ಬಾಗಿಲು ತಟ್ಟುವುದು, ಕರೆಯುವುದು, ಬೇಕು ಎಂದು ಕೇಳುವುದು ಅವರ ಅಭ್ಯಾಸವೇ ಅಲ್ಲ. ಗಂಡ ಅಂದು ಮಗಳನ್ನು ಈಜು ಸ್ಪರ್ಧೆಗೆ ಬೇರೆ ಊರಿಗೆ ಕರೆದೊಯ್ಯುವವರಿದ್ದರು. ಅತ್ತೆಯನ್ನು ಒಬ್ಬರನ್ನೇ ಮನೆಯಲ್ಲಿ ಬಿಡುವುದು ತಪ್ಪಿತು, ನನ್ನ ಎಂಟೂ ಆಯಿತು. ಗುಂಪಿನವರಿಗೆ ಇಂಗ್ಲಿಷ್ ತಿಳಿಯಬೇಕು ಎಂಬ ನಿಯಮವಿತ್ತು. ಅತ್ತೆಗೆ ತಿಳಿಯುತ್ತದೆ ಎಂದು ಸುಳ್ಳು ಬರೆದು ಕಳಿಸಿದೆ.

ಹತ್ತು ಗಂಟೆಗೆ ಊರಿನ ಹಳೆಯ ಹೆಬ್ಬಾಗಿಲಿನ ಕೆಳಗೆ ಸೇರಬೇಕಿತ್ತು. ಪರೀಕ್ಷಕಿ ಹತ್ತಕ್ಕೆ ಐದು ನಿಮಿಷ ಇರುವಾಗಲೇ ಬಂದು ಸ್ವಲ್ಪ ದೂರದಲ್ಲಿ ನಿಂತಳು. ಬೆಳ್ಳಿ ಕೂದಲು, ಕೈಯಲ್ಲಿ ರಟ್ಟಿಗೆ ಸಿಕ್ಕಿಸಿದ ಹಾಳೆ, ಮುಖದಲ್ಲಿ ಒಂದು ಭಾವನೆಯೂ ಇಲ್ಲ. ಹತ್ತು ನಿಮಿಷ ಕಾದು ಹೊರಡಬೇಕು ಎಂಬುದು ಅವಳೇ ಕಲಿಸಿದ ನಿಯಮ. ಹುಬ್ಬಳ್ಳಿಯವರು ಬಂದದ್ದು ಇಪ್ಪತ್ತೈದು ನಿಮಿಷ ತಡವಾಗಿ, ಅದೂ ನಗುತ್ತ.

"ವೈನಿ, ಪಾರ್ಕ್‌ಹೌಸ್ ಹುಡುಕೋದ್ರಾಗ ಸಾಕಾತ್ ನೋಡ್ರಿ. ನೀವು ಶುರು ಮಾಡಿರ್ತೀರಿ ಅಂತ ತಿಳಕೊಂಡಿದ್ವಿ," ಎಂದರು ಎಂಜಿನಿಯರ್.

"ನೀವಿಲ್ಲದೆ ಹ್ಯಾಗೆ ಶುರು ಮಾಡ್ಲಿ?" ಎಂದು ನಾನೂ ಹಲ್ಲು ಕಿರಿದೆ. ಮನಸ್ಸಿನಲ್ಲಿ ಅಂದುಕೊಂಡದ್ದು ಬೇರೆ. ಪರೀಕ್ಷಕಿ ಏನನ್ನೋ ಬರೆದುಕೊಂಡಳು.

ಶುರುವಾಯಿತು. ನಾನು ಇಂಗ್ಲಿಷಿನಲ್ಲಿ ಹೇಳಿದರೆ ಪ್ರಶ್ನೆ ಕನ್ನಡದಲ್ಲಿ ಬರುತ್ತಿತ್ತು. ಪ್ರಶ್ನೆಗಳಾದರೂ ಎಂಥವು! ಇಲ್ಲಿ ಬಾಡಿಗೆ ಎಷ್ಟಿರಬಹುದು, ಆ ಪಾರ್ಕ್‌ಹೌಸಿನಲ್ಲಿ ಗಾಡಿ ಎಷ್ಟು ಹೊತ್ತು ಬಿಡಬಹುದು, ನಿಮ್ಮ ಮಗಳಿಗೆ ಗಿಮ್ನಾಸಿಯಮ್ ಹೈಸ್ಕೂಲು ಸಿಕ್ಕಿತಾ. ಹೆಬ್ಬಾಗಿಲಿನ ಎತ್ತರದ ಬಗ್ಗೆ ನಾನು ಬಾಯಿ ತೆರೆಯುವಷ್ಟರಲ್ಲಿ ಎಂಜಿನಿಯರ್ ಮೊಬೈಲ್ ನೋಡಿ ತಾವೇ ಹೇಳಿಬಿಟ್ಟರು. ಹೇಳಿ, "ನಮ್ಮ ಗೋಳಗುಮ್ಮಟದ ಮುಂದ ಇದೇನ್ ಬಿಡ್ರಿ," ಎಂದು ಷರಾ ಬೇರೆ. ಇಬ್ಬರು ಹುಡುಗರು ಒಂದು ಕಲ್ಲನ್ನೂ ಬಿಡದೆ ಅದರ ಮುಂದೆ ನಿಂತು ವಿಡಿಯೊ ಮಾಡಿಕೊಂಡರು. "ಮಗಾ, ಇನ್ನೊಂದ್ ಟೇಕ್ ತಗೋ," "ಗುರು, ಬಿಸಿಲು ಮುಖಕ್ಕೆ ಹೊಡೀತಿದೆ." ಮಂಗಳೂರಿನ ದಂಪತಿಯಲ್ಲಿ ಹೆಂಡತಿಗೆ, ಎಲ್ಲರೂ ಬಾಯಿ ಎನ್ನುವವರಿಗೆ, ಡೋಮ್ ಅಂದರೆ ಕೆಥೆಡ್ರಲ್ ಒಂದೇ ಗುರಿ, ಬೀದಿಯ ಬಗ್ಗೆ ಏನು ಹೇಳಿದರೂ, "ಡೋಮ್‌ಗೆ ಯಾವಾಗ ಹೋಗುದು?" ಎನ್ನುತ್ತಿದ್ದರು. ನನ್ನ ಮುಖಕ್ಕೆ ಮುಖ ಕೊಟ್ಟು ಕೇಳಿದವರು ಅತ್ತೆ ಒಬ್ಬರೇ. ಒಂದು ಅಕ್ಷರ ಅರ್ಥವಾಗದಿದ್ದರೂ ಪ್ರತಿ ವಾಕ್ಯಕ್ಕೆ ತಲೆಯಾಡಿಸುತ್ತಿದ್ದರು. ಸೀರೆಯ ಕೆಳಗೆ ಮಗ ಕೊಡಿಸಿದ ಬಿಳಿ ಶೂ, ಹೆಗಲಿಗೆ ಬ್ಯಾಗು, ಗುಂಪಿನ ಕೊನೆಯಲ್ಲಿ ಅವರು.

ಒಂದೊಂದು ಜಾಗದಿಂದ ಹೊರಡುವ ಮುನ್ನ ನಾನು, "ಎಲ್ಲರೂ ಬಂದ್ರಾ?" ಎಂದು ಕೇಳುತ್ತಿದ್ದೆ. "ಬಂದ್ರು ಬಂದ್ರು," ಎಂದು ಯಾರಾದರೊಬ್ಬರು ಹೇಳುತ್ತಿದ್ದರು. ನಮ್ಮಲ್ಲಿ ಆ ಪ್ರಶ್ನೆಗೆ ಬೇರೆ ಉತ್ತರವನ್ನು ನಾನು ಹುಟ್ಟಿದಾಗಿನಿಂದ ಕೇಳಿಲ್ಲ. ಮದುವೆ ಬಸ್ಸು ಹೊರಡುವಾಗಲೂ ಹೀಗೇ ಕೇಳುತ್ತಾರೆ, ಹೀಗೇ ಹೇಳುತ್ತಾರೆ, ಬಸ್ಸು ಹೊರಡುತ್ತದೆ.

ಹನ್ನೊಂದೂವರೆಗೆ ಯಹೂದಿಗಳ ಹಳೆಯ ಅಂಗಳಕ್ಕೆ ಬಂದೆವು. ನನ್ನ ಟೂರಿನ ಜೀವಾಳವೇ ಅದು. ನೆಲದ ಆಳದಲ್ಲಿ ಅವರ ಮಡಿಸ್ನಾನದ ಕೊಳವಿದೆ. ಕಲ್ಲಿನ ಮೆಟ್ಟಿಲು ಇಳಿದು ಹೋದರೆ ತಳದಲ್ಲಿ ಹಸಿರು ನೀರು, ಮೇಲಿನಿಂದ ಬೀಳುವ ಒಂದಿಷ್ಟು ಬೆಳಕು. ಒಂಬೈನೂರು ವರ್ಷದ ಹಿಂದೆ ಹೆಂಗಸರು ಮುಟ್ಟು ಕಳೆದು, ಬಾಣಂತನ ಕಳೆದು ಇಳಿದು ಮುಳುಗಿ ಏಳುತ್ತಿದ್ದ ನೀರು. ಅತ್ತೆಯ ಮಂಡಿ ನೋವು ನೆನಪಾಗಿ, ನೀವು ಮೇಲೆಯೇ ಕೂತಿರಿ ಎಂದೆ. ಅವರು ಕೇಳಲಿಲ್ಲ, ಗೋಡೆ ಹಿಡಿದು ಒಂದೊಂದೇ ಮೆಟ್ಟಿಲು ಇಳಿದು ಬಂದರು. ನಾನು ಇಂಗ್ಲಿಷಿನಲ್ಲಿ ಹೇಳುತ್ತಿದ್ದುದನ್ನು ಬಿಟ್ಟು ಅವರು ನೀರನ್ನೇ ನೋಡುತ್ತಿದ್ದರು. ಅವರಿಗೆ ಯಾರೂ ಬಿಡಿಸಿ ಹೇಳಬೇಕಾಗಿರಲಿಲ್ಲ ಎಂದು ಈಗ ಅನಿಸುತ್ತದೆ. ಆಗ ಅದನ್ನೆಲ್ಲ ಯೋಚಿಸಲು ಪುರುಸೊತ್ತಿರಲಿಲ್ಲ. ಮುಂದಿನ ಗುಂಪು ಮೇಲೆ ಕಾಯುತ್ತಿತ್ತು, ನಾನು ಅದಾಗಲೇ ಇಪ್ಪತ್ತೈದು ನಿಮಿಷ ಹಿಂದೆ ಬಿದ್ದಿದ್ದೆ.

ಮೇಲೆ ಬಂದು ಕೇಳಿದೆ, "ಎಲ್ಲರೂ ಬಂದ್ರಾ?"

"ಬಂದ್ರು ಬಂದ್ರು, ನಡೀರಿ ವೈನಿ."

ನಡೆದೆವು. ಕೆಥೆಡ್ರಲ್ ಅಲ್ಲಿಂದ ಐದೇ ನಿಮಿಷ. ಅದರ ಮುಂದಿರುವ ಕಲ್ಲಿನ ದೊಡ್ಡ ಬೋಗುಣಿಯ ಕಥೆ ಹೇಳಿದೆ. ಹೊಸ ಬಿಷಪ್ ಬಂದಾಗ ಅದಕ್ಕೆ ದ್ರಾಕ್ಷಾರಸ ತುಂಬಿ ಊರಿಗೆಲ್ಲ ಕುಡಿಸುತ್ತಿದ್ದರು. ಹುಡುಗರು ಮೊದಲ ಬಾರಿಗೆ ಕಿವಿಗೊಟ್ಟು ಕೇಳಿದರು. ಒಳಗೆ ಮಂಗಳೂರಿನ ದಂಪತಿ ಮೊಂಬತ್ತಿ ಹಚ್ಚಲು ಹೋದರು, ಅವರು ಬರುವವರೆಗೆ ನಿಂತೆವು. ಅಷ್ಟೆಲ್ಲ ಆದ ಮೇಲೆ ಅಂದು ಮೊದಲ ಬಾರಿಗೆ ನನ್ನ ಮಾತು ಹದಕ್ಕೆ ಬಂತು. ಎತ್ತರದ ಆ ಕಲ್ಲಿನ ಸಾಲುಗಳ ಕೆಳಗೆ ನಿಂತು ಸುಟ್ಟ ಊರಿನ ಕಥೆ ಹೇಳುವಾಗ ಎಂಜಿನಿಯರ್ ಕೂಡ ಮೊಬೈಲ್ ಜೇಬಿಗೆ ಹಾಕಿದ್ದರು. ನಾನು ಮತ್ತೆ ಮೇಷ್ಟ್ರಾಗಿದ್ದೆ. ಪರೀಕ್ಷಕಿಯತ್ತ ಓರೆಗಣ್ಣಿನಲ್ಲಿ ನೋಡಿದೆ. ಅವಳು ಬರೆಯುವುದನ್ನು ನಿಲ್ಲಿಸಿ ಕೇಳುತ್ತಿದ್ದಳು. ಪಾಸಾದೆ ಎಂದೇ ಅಂದುಕೊಂಡೆ.

ಚಕ್ರವರ್ತಿಗಳ ಸಮಾಧಿಗೆ ಇಳಿಯುವ ಮೆಟ್ಟಿಲ ಬಳಿ ಅವಳು ನನ್ನ ಪಕ್ಕಕ್ಕೆ ಬಂದು ಜರ್ಮನ್‌ನಲ್ಲಿ ಮೆಲ್ಲಗೆ ಕೇಳಿದಳು. "ನಾವು ಎಷ್ಟು ಜನ?"

"ಎಂಟು," ಎಂದೆ ತಟ್ಟನೆ.

"ಎಣಿಸಿ."

ಎಣಿಸಿದೆ. ಏಳು. ಮತ್ತೊಮ್ಮೆ ಎಣಿಸಿದೆ. ಏಳೇ. ಹುಬ್ಬಳ್ಳಿಯ ಮನೆಯವರು ಮೂವರು, ಮಂಗಳೂರಿನ ಮನೆಯವರು ಇಬ್ಬರು, ಹುಡುಗರ ಮನೆಯವರು ಇಬ್ಬರು. ಎಲ್ಲ ಮನೆಯವರೂ ಬಂದಿದ್ದಾರೆ, ಮತ್ತೆ ಯಾರಿಲ್ಲ?

ನಮ್ಮ ಮನೆಗಳಲ್ಲಿ ಜನರ ತಲೆ ಎಣಿಸುವ ಕ್ರಮವಿಲ್ಲ. ಪಂಕ್ತಿಯಲ್ಲಿ ಕೂತವರನ್ನು ಬೆರಳು ತೋರಿಸಿ ಎಣಿಸಿದರೆ ಅಜ್ಜಿ ಕೈ ತಟ್ಟುತ್ತಿದ್ದರು. ಎಲೆ ಎಣಿಸು, ತಲೆ ಎಣಿಸಬೇಡ ಎನ್ನುತ್ತಿದ್ದರು. ಕರೆದ ಮನೆಗಳ ಲೆಕ್ಕ ಇಟ್ಟರೆ ಸಾಕು. ಆ ಮನೆಯವರು ಬಂದರಾ, ಈ ಮನೆಯವರು ಬಂದರಾ, ಮುಗಿಯಿತು. ನಮ್ಮ ಸ್ವಂತ ಮನೆಯವರನ್ನು ಯಾರು ಎಣಿಸುತ್ತಾರೆ? ಅವರು ಬಡಿಸುವವರು, ಕೊನೆಗೆ ಉಣ್ಣುವವರು, ಇದ್ದೇ ಇರುತ್ತಾರೆ. ಪ್ರತಿ ಜಾಗದಲ್ಲೂ ತಲೆ ಎಣಿಸು, ಆಮೇಲೆ ಬಾಯಿ ತೆರೆ ಎಂದು ಚಳಿಗಾಲವಿಡೀ ಹೇಳಿಸಿಕೊಂಡು, ಅದನ್ನು ನೋಟ್‌ಬುಕ್ಕಿನಲ್ಲಿ ಬರೆದುಕೊಂಡು, ಬೆಳಿಗ್ಗೆಯಿಂದ ನಾನು ಎಣಿಸಿದ್ದು ಮೂರು ಮನೆ. ನಾಲ್ಕನೆಯ ಮನೆ ನನ್ನದು. ಅತ್ತೆ ಇರಲಿಲ್ಲ.

"ನಿಮ್ಮ ಅತ್ತಿಯವರು ನಿಮ್ಮ ಜೋಡೀನ ಅದಾರ ಅಂತ ತಿಳಕೊಂಡಿದ್ವಿ," ಎಂದರು ಎಂಜಿನಿಯರ್‌ನ ಹೆಂಡತಿ. ಎಲ್ಲರೂ ಹಾಗೆಯೇ ತಿಳಿದುಕೊಂಡಿದ್ದರು. ಅವರದೇನು ತಪ್ಪು?

ಆಮೇಲೆ ಆದದ್ದನ್ನು ಬರೆಯಲು ನಾಚಿಕೆಯಾಗುತ್ತದೆ. ನೀವೆಲ್ಲ ಇಲ್ಲೇ ನಿಲ್ಲಿ, ನಾನೊಬ್ಬಳೇ ಹೋಗಿ ಕರೆತರುತ್ತೇನೆ ಎಂದು ಮೂರು ಸಲ ಹೇಳಿದೆ. ಕೇಳುವವರು ಯಾರು? ಸಹಾಯ ಮಾಡುವ ಹುಮ್ಮಸ್ಸಿನಲ್ಲಿ ದಿಕ್ಕಿಗೊಬ್ಬರಂತೆ ಹೊರಟುಬಿಟ್ಟರು. ಹುಡುಗರಿಬ್ಬರು ರೈನ್ ನದಿಯ ಕಡೆಗೆ ಓಡಿದರು, ನದಿಯ ಕಡೆಗೇ ಏಕೆಂದು ದೇವರಿಗೇ ಗೊತ್ತು. ಎಂಜಿನಿಯರ್ ಕಾರು ತರುತ್ತೇನೆಂದು ಪಾರ್ಕ್‌ಹೌಸಿಗೆ ಹೋದರು. ಮಂಗಳೂರಿನ ಬಾಯಿ ಮಂಡಿಯೂರಿ ಪ್ರಾರ್ಥನೆಗೆ ಕೂತರು. ಎಂಟರಲ್ಲಿ ಒಬ್ಬರು ಕಳೆದಿದ್ದ ಟೂರಿನಲ್ಲಿ ಈಗ ಸಿಗುತ್ತಿದ್ದವರೇ ನಾಲ್ಕು ಜನ. ಪರೀಕ್ಷಕಿ ಹಾಳೆಯನ್ನು ಬ್ಯಾಗಿನೊಳಗೆ ಇಟ್ಟುಬಿಟ್ಟಳು. ಅದು ನನ್ನ ಕಣ್ಣಿಗೆ ಬಿತ್ತು. ಅಂಕ ಹಾಕುವುದಕ್ಕೆ ಇನ್ನೇನೂ ಉಳಿದಿಲ್ಲ ಎಂಬುದು ಅಷ್ಟರಿಂದಲೇ ತಿಳಿಯಿತು.

ಅತ್ತೆಯ ಫೋನಿನಲ್ಲಿ ಇಲ್ಲಿನ ಸಿಮ್ ಇಲ್ಲ. ಜರ್ಮನ್ ಬರುವುದಿಲ್ಲ. ಮನೆಯ ವಿಳಾಸ ಬರೆದುಕೊಡಬೇಕು ಎಂದುಕೊಂಡು ಮರೆತಿದ್ದೆ. ನಾನು ಓಡಿದೆ. ಓಡುತ್ತ ಅವರು ಆ ಮೆಟ್ಟಿಲಿನಲ್ಲಿ ಜಾರಿದ್ದರೆ ಎಂದು ಹೆದರಿಕೆ, ಗಂಡನಿಗೆ ಏನು ಹೇಳಲಿ ಎಂದು ಇನ್ನೊಂದು ಹೆದರಿಕೆ. ಅದರ ನಡುವೆಯೂ, ಹೋಯಿತಲ್ಲ, ಕೈಗೆ ಬಂದದ್ದು ಹೋಯಿತಲ್ಲ ಎಂಬ ಸಿಟ್ಟು. ಆ ಸಿಟ್ಟೇ ಹೆಚ್ಚಾಗಿತ್ತು, ಸುಳ್ಳು ಏಕೆ ಹೇಳಲಿ.

ಅತ್ತೆ ಆ ಅಂಗಳದ ಬೆಂಚಿನ ಮೇಲೆ ಕೂತಿದ್ದರು. ಬ್ಯಾಗು ತೊಡೆಯ ಮೇಲೆ, ಎರಡು ಕೈ ಬ್ಯಾಗಿನ ಮೇಲೆ. ಟಿಕೆಟ್ ಕೊಡುವ ಹೆಂಗಸು ಒಂದು ಲೋಟ ನೀರು ತಂದಿಟ್ಟಿದ್ದಳು, ಅದನ್ನು ಮುಟ್ಟಿರಲಿಲ್ಲ. ನನ್ನನ್ನು ನೋಡಿದ್ದೇ ಎದ್ದು ನಿಂತರು.

"ಮುಗೀತಾ?" ಎಂದು ಕೇಳಿದರು.

"ಎಂತ ಮುಗಿಯುದು? ನೀವು ಇಲ್ಲಿ ಎಂತ ಮಾಡ್ತಿದ್ದೀರಿ? ನಾವು ಹೊರಟದ್ದು ಗೊತ್ತಾಗ್ಲಿಲ್ವಾ?"

"ಗೊತ್ತಾಯ್ತು. ನಾನು ಕೆಳಗೆ ಇದ್ದೆ, ಮೆಟ್ಲು ಹತ್ತುಕ್ಕೆ ಸ್ವಲ್ಪ ತಡ ಆಯ್ತು. ಎಲ್ಲರೂ ಬಂದ್ರಾ ಅಂತ ನೀನು ಕೇಳಿದ್ದು ಕೇಳಿಸ್ತು. ಬಂದ್ರು ಅಂತ ಅವ್ರು ಹೇಳಿದ್ದೂ ಕೇಳಿಸ್ತು."

"ಮತ್ತೆ ಒಂದು ಮಾತು ಕೂಗುಕ್ಕೆ ಎಂತ ಆಗಿತ್ತು ನಿಮಗೆ?"

ನನ್ನ ದನಿ ಅಂಗಳಕ್ಕೆಲ್ಲ ಕೇಳುವಷ್ಟಿತ್ತು. ಟಿಕೆಟ್ ಹೆಂಗಸು ಕಿಟಕಿಯಿಂದ ಇಣುಕಿದಳು. ಅತ್ತೆ ಸೆರಗು ಸರಿಮಾಡಿಕೊಂಡರು.

"ನಿನಗೆ ಪರೀಕ್ಷೆ ಅಲ್ವಾ. ಆ ಹೆಂಗ್ಸು ಬರ್ಕೊಳ್ತಾ ಇತ್ತು. ನಡುವೆ ನಾನು ಕೂಗಿದ್ರೆ ನಿನಗೆ ಮಾರ್ಕು ಕಡಿಮೆ ಆಗ್ತದೆ ಅಂತ ಸುಮ್ಮನೆ ಕೂತೆ. ಮುಗಿದ ಮೇಲೆ ನೀನು ಬರ್ತಿ ಅಂತ ಗೊತ್ತುಂಟಲ್ಲ."

ನಾನು ಅವರ ರಟ್ಟೆ ಹಿಡಿದುಕೊಂಡು ಬಿರಬಿರನೆ ನಡೆಸಿದೆ. ಅವರ ಮಂಡಿ ನೋವು ಆಗ ನನಗೆ ನೆನಪಾಗಲಿಲ್ಲ.

ಚೆಲ್ಲಾಪಿಲ್ಲಿಯಾದವರನ್ನು ಫೋನು ಮಾಡಿ ಮಾಡಿ ಒಟ್ಟುಗೂಡಿಸುವಷ್ಟರಲ್ಲಿ ಎರಡು ಗಂಟೆ. ಹುಡುಗರು ನದಿ ದಂಡೆಯಿಂದ ಐಸ್‌ಕ್ರೀಮ್ ನೆಕ್ಕುತ್ತ ಬಂದರು. "ಅಕ್ಕಾ, ಅಲ್ಲೆಲ್ಲಾ ನೋಡಿದ್ವಿ, ಇಲ್ಲ," ಎಂದರು, ಪಕ್ಕದಲ್ಲೇ ನಿಂತಿದ್ದ ಅತ್ತೆಯನ್ನು ನೋಡದೆ. ಉಳಿದ ಎರಡು ಗಂಟೆಯ ಟೂರನ್ನು ಹೇಗೋ ಮುಗಿಸಿದೆ. ಸಮಾಧಿಯ ಬಳಿ ಇಬ್ಬರು ಚಕ್ರವರ್ತಿಗಳನ್ನು ಅದಲು ಬದಲು ಮಾಡಿದೆ, ಯಾರಿಗೂ ಗೊತ್ತಾಗಲಿಲ್ಲ, ಪರೀಕ್ಷಕಿಯೊಬ್ಬಳನ್ನು ಬಿಟ್ಟು. ನಾಲ್ಕಕ್ಕೆ ಎಲ್ಲರೂ ಚಪ್ಪಾಳೆ ತಟ್ಟಿದರು. ಬಹಳ ಚಲೋ ಆತು ವೈನಿ ಎಂದರು ಎಂಜಿನಿಯರ್. ಅವರು ಮನಸಾರೆ ಹೇಳಿದ್ದು ನನಗೆ ಇನ್ನಷ್ಟು ಉರಿ ತಂದಿತು.

ಪರೀಕ್ಷಕಿ ನನ್ನ ಕೈಕುಲುಕಿದಳು. "ನಿಮ್ಮಷ್ಟು ಇತಿಹಾಸ ನನಗೂ ಗೊತ್ತಿಲ್ಲ. ಆದರೆ ನಾನು ಕೇಳುವವರೆಗೆ ನಿಮಗೆ ಗೊತ್ತೇ ಆಗಲಿಲ್ಲ. ಅಕ್ಟೋಬರ್‌ನಲ್ಲಿ ಇನ್ನೊಮ್ಮೆ ಬನ್ನಿ," ಎಂದಳು. ಅವಳ ದನಿಯಲ್ಲಿ ಕೊಂಕು ಇರಲಿಲ್ಲ. ಇದ್ದಿದ್ದರೆ ಬೈದುಕೊಂಡಾದರೂ ಸಮಾಧಾನ ಮಾಡಿಕೊಳ್ಳಬಹುದಿತ್ತು. ಬೇಸಿಗೆಯ ಶನಿವಾರಗಳೆಲ್ಲ ಹೋದವು.

ಮನೆಗೆ ಹೋಗುವ ರೈಲಿನಲ್ಲಿ ನಾನೂ ಅತ್ತೆಯೂ ಎದುರು ಬದುರು ಕೂತಿದ್ದೆವು. ಎರಡು ಸ್ಟೇಷನ್ ಕಳೆದ ಮೇಲೆ ಅವರು ಕೇಳಿದರು.

"ಪಾಸಾ?"

"ಇಲ್ಲ."

ಅವರು ಬ್ಯಾಗನ್ನು ತೊಡೆಯ ಮೇಲೆ ಎಳೆದುಕೊಂಡರು. ಆಮೇಲೆ, "ನಾನು ಕೂಗಿದ್ರೆ ಆಗ್ತಿತ್ತಾ?" ಎಂದರು.

ಇಲ್ಲ ಎನ್ನಬೇಕಿತ್ತು. ನಿಮ್ಮನ್ನು ಎಣಿಸದಿದ್ದವಳು ನಾನು, ಬೆಳಿಗ್ಗೆಯಿಂದ ಒಮ್ಮೆಯೂ ಎಣಿಸಿರಲಿಲ್ಲ, ನೀವು ಕೂಗಿದ್ದರೆ ನನ್ನ ತಪ್ಪು ಮುಚ್ಚಿಹೋಗುತ್ತಿತ್ತು ಅಷ್ಟೆ ಎನ್ನಬೇಕಿತ್ತು. ಅದು ನನಗೆ ಅಲ್ಲಿ ಕೂತಲ್ಲೇ ಗೊತ್ತಿತ್ತು. ಆದರೆ ಬೆಳಿಗ್ಗೆಯಿಂದ ಎಲ್ಲರಿಗೂ ಹಲ್ಲು ಕಿರಿದು ಕಿರಿದು ನನ್ನ ದವಡೆ ನೋಯುತ್ತಿತ್ತು. ಬೈದರೆ ತಿರುಗಿ ಬೈಯದವರು ನನ್ನ ಎದುರಿಗೆ ಇದ್ದದ್ದು ಅವರೊಬ್ಬರೇ.

"ಹೌದು, ಆಗ್ತಿತ್ತು," ಎಂದೆ.

ಅವರು ತಲೆಯಾಡಿಸಿದರು, ನನ್ನ ಇಂಗ್ಲಿಷಿಗೆ ಆಡಿಸಿದ ಹಾಗೆಯೇ. ಕಿಟಕಿಯತ್ತ ತಿರುಗಿದರು.

ಅಕ್ಟೋಬರ್‌ನಲ್ಲಿ ನಾನು ಪಾಸಾದೆ. ಯಾರೋ ಗುರುತಿಲ್ಲದ ಎಂಟು ಜನ, ಬೆರಳು ತೋರಿಸಿ ತೋರಿಸಿ ಎಣಿಸಿದೆ. ಆದರೆ ನನಗೆ ಮರೆಯಲಾಗದ್ದು ಅದಲ್ಲ. ಆ ಶನಿವಾರದ ನಂತರ ಅತ್ತೆ ನಮ್ಮ ಮನೆಯಲ್ಲಿ ಇನ್ನೂ ಎರಡು ವಾರ ಇದ್ದರು. ಸೋಮವಾರ ಸೂಪರ್‌ಮಾರ್ಕೆಟ್ಟಿನಲ್ಲಿ ನಾನು ತರಕಾರಿ ಆರಿಸುತ್ತಿದ್ದೆ. ಹಾಲಿನ ಸಾಲಿನ ಆಚೆಯಿಂದ ದೊಡ್ಡ ದನಿಯೊಂದು ಬಂತು. "ನಾನು ಇಲ್ಲಿದ್ದೇನೆ, ಆಯ್ತಾ?" ಜನ ತಿರುಗಿ ನೋಡಿದರು. ಅದು ಅತ್ತೆಯ ದನಿ ಎಂದು ನನಗೆ ತಟ್ಟನೆ ಗೊತ್ತಾಗಲಿಲ್ಲ. ಅಷ್ಟು ಗಟ್ಟಿಯಾಗಿ ಅವರು ಮಾತಾಡಿದ್ದನ್ನು ನಾನು ಕೇಳಿಯೇ ಇರಲಿಲ್ಲ.

ಅಂದಿನಿಂದ ಅವರು ಕೂಗಿ ಹೇಳತೊಡಗಿದರು. ಬಾಲ್ಕನಿಗೆ ಹೋದರೆ ಬಾಲ್ಕನಿಯಿಂದ, ಟ್ರಾಮ್ ಹತ್ತಿದರೆ ಟ್ರಾಮಿನೊಳಗಿಂದ. ಪ್ರತಿ ಸಲ ಕೂಗುವ ಮುನ್ನ ಒಮ್ಮೆ ಗಂಟಲು ಸರಿಮಾಡಿಕೊಳ್ಳುತ್ತಿದ್ದರು. "ಅಮ್ಮನಿಗೆ ಕಿವಿ ಮಂದ ಆಯ್ತಾ, ಇಷ್ಟು ಜೋರಾಗಿ ಮಾತಾಡ್ತಾರಲ್ಲ," ಎಂದು ಗಂಡ ಕೇಳಿದರು. ವಯಸ್ಸಾಯಿತಲ್ಲ ಎಂದೆ. ನಿಜ ಹೇಳಿ, ಬೇಡಿ ಅತ್ತೆ, ನೀವು ಕೂಗಬೇಡಿ, ನಾನು ನೋಡಿಕೊಳ್ಳುತ್ತೇನೆ ಎನ್ನಲು ಎರಡು ವಾರ ಇತ್ತು. ದಿನಾ ನಾಳೆ ಹೇಳುತ್ತೇನೆ ಎಂದುಕೊಂಡೆ.

ವಿಮಾನ ನಿಲ್ದಾಣದಲ್ಲಿ ಅವರು ತಪಾಸಣೆಯ ಸಾಲಿಗೆ ಸೇರಿದರು. ನಾವು ಹಗ್ಗದ ಈಚೆ ನಿಂತಿದ್ದೆವು. ಸಾಲು ತಿರುಗಿ, ಎತ್ತರದವರ ನಡುವೆ ಅವರ ತಲೆ ಕಾಣದಾಯಿತು. ಗಂಡ ಕಾರಿನ ಕೀಲಿ ತೆಗೆದರು. ಆಗ ಆಚೆಯಿಂದ ಕೇಳಿಸಿತು. "ನಾನು ಇಲ್ಲಿದ್ದೇನೆ. ಒಳಗೆ ಹೋಗ್ತಾ ಇದ್ದೇನೆ, ಆಯ್ತಾ?"

ಕೇಳಿಸಿತು ಅತ್ತೆ ಎಂದು ನಾನೂ ಕೂಗಬೇಕೆಂದಿದ್ದೆ. ಬದಲಿಗೆ ಕೈ ಎತ್ತಿದೆ, ಅದು ಅವರಿಗೆ ಕಾಣುವಂತಿರಲಿಲ್ಲ. ಅವರು ಮತ್ತೊಮ್ಮೆ ಕೂಗಿದರು.